ಶುಕ್ರವಾರದ ಬೀಸುಕಲ್ಲು

ಅವರ ಬಲಹುಬ್ಬಿನ ಮೇಲೆ ಯಾವಾಗಲೂ ಒಂದಿಷ್ಟು ಜೋಳದ ಹಿಟ್ಟು ಕೂತಿರುತ್ತಿತ್ತು. ಯಾವಾಗಲೂ ಎಂದರೆ ಶುಕ್ರವಾರ ಬೆಳಿಗ್ಗೆ. ವಾರದ ಉಳಿದ ದಿನಗಳಲ್ಲಿ ಅವರು ಈ ಅರಬಿ ನಾಡಿನ ಶುಐಬಾದ ಕಾರ್ಖಾನೆಯೊಂದರಲ್ಲಿ ವಾಲ್ವು, ಗೇಜು ರಿಪೇರಿ ಮಾಡುವ ಟೆಕ್ನೀಷಿಯನ್. ಶುಕ್ರವಾರ ಮಾತ್ರ ಲುಂಗಿ ಉಟ್ಟು, ಫರ್ವಾನಿಯಾದ ಹಳೇ ಬಿಲ್ಡಿಂಗಿನ ನಾಲ್ಕನೇ ಮಾಳಿಗೆಯ ಅಡುಗೆಮನೆಯಲ್ಲಿ ಒಂದು ಕಾಲು ಚಾಚಿ ಕೂತು ಬೀಸುಕಲ್ಲು ತಿರುಗಿಸುತ್ತಿದ್ದರು. ಬೆವರು ಒರೆಸಿಕೊಳ್ಳುವಾಗ ಕೈಯ ಹಿಟ್ಟು ಹುಬ್ಬಿಗೆ ಹತ್ತುತ್ತಿತ್ತು. ಹೇಳಿದರೆ, "ಇರ್ಲಿ ಬಿಡವಾ, ರೇಡಿಯೋದಾಗ ಕಾಣಂಗಿಲ್ಲ" ಎನ್ನುತ್ತಿದ್ದರು.

ನಾನು ಅವರನ್ನು ಮೊದಲು ಕಂಡದ್ದು ಜಗಳಕ್ಕೆಂದು ಹೋದಾಗ. ನಮ್ಮದು ಮೂರನೇ ಮಾಳಿಗೆ, ಸರಿಯಾಗಿ ಅವರ ಕೆಳಗೆ. ವಾರಕ್ಕೊಂದು ರಜೆ, ಆ ದಿನವೇ ಬೆಳಿಗ್ಗೆ ಆರು ಗಂಟೆಗೆ ತಲೆಯ ಮೇಲೆ ಗರಗರ ಸದ್ದು. ಮೊದಲ ವಾರ ಸಹಿಸಿದೆ. ಎರಡನೇ ವಾರ ಗಂಡನನ್ನು ಎಬ್ಬಿಸಿ "ಹೋಗಿ ಕೇಳಿ" ಎಂದೆ. ಅವರು ಮಗ್ಗುಲು ಬದಲಿಸಿದರು. ಮೂರನೇ ವಾರ ನಾನೇ ಹತ್ತಿದೆ. ಆಸ್ಪತ್ರೆಯ ಅಪಾಯಿಂಟ್‌ಮೆಂಟ್ ಕೌಂಟರಿನಲ್ಲಿ ದಿನವಿಡೀ ಬೈಸಿಕೊಳ್ಳುವವಳಿಗೆ ಒಂದು ದಿನವಾದರೂ ಬೈಯುವ ಹಕ್ಕಿಲ್ಲವೇ? ಬಾಗಿಲು ತೆರೆದೇ ಇತ್ತು. ಒಳಗೆ ಮೀಸೆ ಹಣ್ಣಾದ ಗಂಡಸೊಬ್ಬರು ಬೀಸುತ್ತಾ ಕೂತಿದ್ದರು! ಗಂಡಸು ಬೀಸುವುದನ್ನು ನಾನು ಜನ್ಮದಲ್ಲಿ ನೋಡಿರಲಿಲ್ಲ. ಪಕ್ಕದಲ್ಲಿ ಸ್ಟೂಲಿನ ಮೇಲೆ ಲ್ಯಾಪ್‌ಟಾಪು, ನೀರಿನ ಬಾಟಲಿಗೆ ಕಟ್ಟಿದ ಮೈಕು. ನಾನು ಬಾಯಿ ತೆರೆಯುವಷ್ಟರಲ್ಲಿ ಅವರು ತುಟಿಯ ಮೇಲೆ ಬೆರಳಿಟ್ಟರು. ಎರಡು ನಿಮಿಷ ಕಳೆದ ಮೇಲೆ ಕಲ್ಲು ನಿಲ್ಲಿಸಿ, ಯಾವುದೋ ಹಾಡು ಹಾಕಿ, ನನ್ನ ಕಡೆ ತಿರುಗಿದರು.

"ಬೈಯಾಕ ಬಂದೀರಿ ಹೌದಿಲ್ಲೋ? ಬೈರಿ. ಮೊದಲ ಚಾ ಕುಡೀರಿ, ಗಂಟಲಾ ಹಸಿ ಆಗ್ಲಿ."

"ಎಂಥ ಮಾರಾಯ್ರೆ ಇದು? ಜನ ಮಲಗುವುದು ಬೇಡ್ವಾ?" ಎಂದೆ. ಹಾಗೆನ್ನುತ್ತಲೇ ಚಹಾದ ಲೋಟ ಕೈಗೆ ಬಂದಿತ್ತು. ಲ್ಯಾಪ್‌ಟಾಪಿನಿಂದ ಯಾರೋ ಹೆಂಗಸು ಹಾಡುತ್ತಿದ್ದಳು, ನಡುವೆ ಕುಕ್ಕರ್ ಸೀಟಿ ಹೊಡೆಯಿತು. ನಾನು ನಕ್ಕೆ. ಜಗಳ ಅಲ್ಲಿಗೆ ಖಲಾಸ್.

ಅದು ಅವರ ರೇಡಿಯೋ. ಹಳ್ಳಿ ಹಾಡುಗಳದ್ದು ಮಾತ್ರ. ಎಲ್ಲರೂ ಅವರನ್ನು ಕಾಕಾ ಎನ್ನುತ್ತಿದ್ದರು, ನಾನೂ ಹಾಗೇ ಕರೆದೆ. ಬಾಗಲಕೋಟೆ ಕಡೆಯವರು. ಅವರ ರೇಡಿಯೋ ಹುಟ್ಟಿದ್ದು ಕಂಪನಿ ಬಸ್ಸಿನಲ್ಲಿ. ಫರ್ವಾನಿಯಾದಿಂದ ಶುಐಬಾಕ್ಕೆ ದಿನಾ ಹೋಗುವ ಬಸ್ಸಿನಲ್ಲಿ ಟೇಪ್ ಇತ್ತು. ಕಾಕಾ ರಜೆಗೆ ಹೋದಾಗಲೆಲ್ಲ ಓಣಿಯ ಹೆಂಗಸರ ಹಾಡು ಕ್ಯಾಸೆಟ್ಟಿಗೆ ತುಂಬಿಸಿ ತರುತ್ತಿದ್ದರು. ಡ್ರೈವರ್ ಪಠಾಣ. ಒಂದಕ್ಷರ ಅರ್ಥವಾಗದಿದ್ದರೂ ಕ್ಯಾಸೆಟ್ ಇಲ್ಲದ ದಿನ ಆತ ಗಾಡಿಯನ್ನೇ ತೆಗೆಯುತ್ತಿರಲಿಲ್ಲವಂತೆ: "ಚಾಚಾ, ಪಹಲೇ ಗಾನಾ." ಹೊಸ ಬಸ್ಸು ಬಂದು ಟೇಪ್ ಹೋಯಿತು. ಆಮೇಲೆ ಕೆಲವು ವರ್ಷ ಶುಕ್ರವಾರ ಬೆಳಿಗ್ಗೆ ನಾಲ್ಕೈದು ಜನ ಫೋನಿನಲ್ಲೇ ಸೇರಿ ಕೇಳಿಸಿಕೊಂಡರು. ಕೊನೆಗೆ ಮೊಬೈಲ್ ಅಂಗಡಿ ಇಟ್ಟಿದ್ದ ಬ್ಯಾರಿಯೊಬ್ಬರು, ತಮ್ಮ ತಾಯಿಯ ಮದುವೆ ಹಾಡೊಂದನ್ನು ಹಾಕುವ ಶರತ್ತಿನ ಮೇಲೆ, ಅದನ್ನು ಇಂಟರ್ನೆಟ್ಟಿಗೆ ಏರಿಸಿಕೊಟ್ಟರು. ಎಷ್ಟು ಜನ ಕೇಳುತ್ತಾರೆಂದು ಕಾಕಾ ಒಮ್ಮೆಯೂ ನೋಡಲಿಲ್ಲ. "ಅಂಗಡಿ ಅಲ್ಲವಾ ಇದು, ಎಷ್ಟ ಗಿರಾಕಿ ಅಂತ ನೋಡಾಕ."

ಕಲ್ಲಿನ ಕಥೆ ಬೇರೆ. ಒಂದೇ ಸಲ ತರಲು ವಿಮಾನದ ತೂಕ ಬಿಡುವುದಿಲ್ಲವಲ್ಲ. ಒಂದು ರಜೆಯಲ್ಲಿ ಮೇಲಿನ ಕಲ್ಲು, ಎರಡು ವರ್ಷ ಬಿಟ್ಟು ಮುಂದಿನ ರಜೆಯಲ್ಲಿ ಕೆಳಗಿನದು. ಕಸ್ಟಮ್ಸಿನವನು ಬ್ಯಾಗು ಬಿಚ್ಚಿಸಿ "ಶ್ನು ಹಾದಾ?" ಎಂದು ಕೇಳಿದನಂತೆ. ಇದೇನು ಎಂಬುದಕ್ಕೆ ಕಾಕಾಗೆ ಅರಬಿ ಬರಲಿಲ್ಲ. ಅಲ್ಲೇ ಕೂತು ಬೀಸುವ ಹಾಗೆ ಕೈ ತಿರುಗಿಸಿ ತೋರಿಸಿದರು. ಅವನ ಮುಖ ಅರಳಿತು. "ರಹಾ! ರಹಾ!" ಎಂದು ಪಕ್ಕದವನನ್ನೂ ಕರೆದ. ಅವನ ಅಜ್ಜಿಯ ಮನೆಯಲ್ಲೂ ಅಂಥದೊಂದು ಇತ್ತಂತೆ. "ಯಲ್ಲಾ, ರೂಹ್" ಎಂದು ಬಿಟ್ಟುಬಿಟ್ಟ.

ಕಾರ್ಯಕ್ರಮದ ಕಟ್ಟುಪಾಡುಗಳು ಕಾಕಾರವೇ. ಆರು ಗಂಟೆಗೆ ಒಂದು ಹಿಡಿ ಜೋಳ ಹಾಕಿ ಐದು ನಿಮಿಷ ಬರೀ ಕಲ್ಲಿನ ಸದ್ದು. ಅದರ ಮೇಲೆ ಹಾಡಿಲ್ಲ, ಮಾತಿಲ್ಲ. "ಕಲ್ಲು ನಾ ತಿರುವತೀನಿ, ಪದಾ ನೀವು ಹಾಡ್ರಿ, ನಿಮ್ಮ ನಿಮ್ಮ ಮನ್ಯಾಗ" ಎಂದು ಹೇಳಿ ಶುರು ಮಾಡುತ್ತಿದ್ದರು. ಆಮೇಲೆ ಜನ ಕಳಿಸಿದ ಹಾಡುಗಳು. ಸಿನಿಮಾದ್ದು ಬೇಡ. ಹಾಡಿದವರು ಕಳಿಸಿದವರ ಮನೆಯವರೇ ಆಗಿರಬೇಕು. ನಡುವೆ ಕತ್ತರಿಸುವಂತಿಲ್ಲ, ಎಮ್ಮೆ ಕೂಗಿದರೆ ಎಮ್ಮೆಯೂ ಹಾಡಿನದೇ. ಅರ್ದಿಯಾದ ಕೂಲಿಕಾರರ ಕ್ಯಾಂಪಿನಿಂದ ಮೇಸ್ತ್ರಿಯೊಬ್ಬರು ಬಚ್ಚಲಿನಲ್ಲಿ ನಿಂತು ಡೊಳ್ಳಿನ ಪದ ಹಾಡಿ ಕಳಿಸಿದ್ದರು, ಹೊರಗೆ ಯಾರೋ ಬಾಗಿಲು ಬಡಿದದ್ದೂ ಪ್ರಸಾರವಾಯಿತು. ಕೊನೆಗೆ ಸುದ್ದಿ: ಯಾರು ಊರಿಗೆ ಹೊರಟಿದ್ದಾರೆ, ಯಾರ ಇಕಾಮಾ, ಎಂದರೆ ಇಲ್ಲಿರುವ ಪರವಾನಗಿ ಕಾರ್ಡು, ಎಲ್ಲಿ ಬಿದ್ದು ಸಿಕ್ಕಿದೆ, ಯಾರ ಮನೆಗೆ ಕೂಸು ಬಂದಿದೆ.

"ನೀವೇ ಒಂದು ಹಾಡಬಾರ್ದಾ ಕಾಕಾ, ಕಲ್ಲಿನ ಮೇಲೆ?" ಎಂದು ನಾನು ಪೀಡಿಸುತ್ತಿದ್ದೆ.

"ನಂದು ಬೀಸೂದಷ್ಟ. ಹಾಡವರು ಬ್ಯಾರೆ ಅದಾರ" ಎಂದು ಮಾತು ತೇಲಿಸುತ್ತಿದ್ದರು. ಕೇಳುಗರ ಬಗ್ಗೆ ಹೇಳುತ್ತಿದ್ದಾರೆಂದು ನಾನು ತಿಳಿದೆ.

ನಾನು ಹಾಡುಗಳಿಗೆ ಹೆಸರು ಬರೆದು ಜೋಡಿಸುವ ಕೆಲಸ ಹಿಡಿದೆ. ಮೈಕಿನ ಹತ್ತಿರ ಮಾತ್ರ ಹೋಗಲಿಲ್ಲ. ನಮ್ಮ ಮನೆಮಾತು ಕೊಂಕಣಿ. ಶಾಲೆಯಲ್ಲಿ ಒಮ್ಮೆ ಪದ್ಯ ಓದುವಾಗ ಕನ್ನಡ ಟೀಚರು "ಇದು ಕನ್ನಡವೋ ಮೀನು ಮಾರುವ ರಾಗವೋ?" ಎಂದಿದ್ದರು, ಇಡೀ ಕ್ಲಾಸು ನಕ್ಕಿತ್ತು. ನಲವತ್ತು ದಾಟಿದರೂ ಆ ನಗು ನನ್ನ ಕಿವಿ ಬಿಟ್ಟಿರಲಿಲ್ಲ. ಕೌಂಟರಿನಲ್ಲಿ ನಾಲ್ಕು ಭಾಷೆಯಲ್ಲಿ ಗದರುವವಳು ಕನ್ನಡದ ಮೈಕು ಕಂಡರೆ ಬೆಕ್ಕಿನ ಮರಿ.

ಹೀಗಿರುವಾಗ ಕಂಪನಿಯಿಂದ ಕಾಕಾಗೆ ಕಾಗದ ಬಂತು. ವಯಸ್ಸಾಯಿತು, ಬೇಸಿಗೆಗೆ ಮುಂಚೆ ಊರಿಗೆ. ಅವರಿಗೆ ಅದರ ದುಃಖವಿರಲಿಲ್ಲ. ಮೂವತ್ತು ವರ್ಷ ಹೆಂಡತಿ ಊರಲ್ಲಿ, ತಾವಿಲ್ಲಿ. ಹೊರಡಲು ಕುಣಿಯುತ್ತಿದ್ದರು. ಚಿಂತೆ ಒಂದೇ.

"ಯವ್ವಾ, ನೀ ಮಾತಾಡಿದ್ರ ರೇಡಿಯೋ ಉಳೀತತಿ. ಇಲ್ಲಂದ್ರ ನಾ ಹೋದ ದಿನಾನ ಖಲಾಸ್."

"ಬೇರೆ ಯಾರನ್ನಾದ್ರೂ ನೋಡಿ ಕಾಕಾ. ನನ್ನ ಕನ್ನಡ ಕೇಳಿದ್ರೆ ಜನ ನಗ್ತಾರೆ."

"ಮಾತು ಸೊಟ್ಟ ಇದ್ರ ಇರ್ಲಿ. ಕೇಳವರ ಕಿವಿ ನೆಟ್ಟಗಿದ್ರ ಸಾಕು."

ನಾನು ಒಪ್ಪಲಿಲ್ಲ. ಅವರು ಒತ್ತಾಯಿಸಲೂ ಇಲ್ಲ.

ಆ ತಿಂಗಳು ನನ್ನ ಮಾವ್ಶಿ, ಎಂದರೆ ಅಮ್ಮನ ಅಕ್ಕ, ಊರಿಂದ ಒಂದು ಹಾಡು ಕಳಿಸಿದ್ದರು. ನಮ್ಮಲ್ಲಿ ಮದುವೆಯ ಹಿಂದಿನ ದಿನ ಹುಡುಗ ಹುಡುಗಿಗೆ ತೆಂಗಿನ ಹಾಲು ಹಚ್ಚಿ ಮೀಯಿಸುತ್ತಾರೆ, ಅದಕ್ಕೆ ರೋಸ್ ಎನ್ನುತ್ತೇವೆ. ಆಗ ಹಾಡುವ ಹಾಡು ಅದು. ಕಾಕಾ ಫೋನ್ ಮಾಡಿ, "ಇದನ್ನ ಯಾವಾಗ ಹಾಡೂದು? ಈ ವಾರ ಹಾಕಲೇನು?" ಎಂದು ಕೇಳಿದರು. ಕೌಂಟರಿನೆದುರು ಸಾಲು ನಿಂತಿತ್ತು. "ಯಾವಾಗ ಬೇಕಾದ್ರೂ ಹಾಕಿ ಕಾಕಾ" ಎಂದು ಫೋನಿಟ್ಟೆ. ದೇವರೇ! ಅದು ತಪಸ್ಸಿನ ಕಾಲ. ಈಸ್ಟರಿಗೆ ಮುಂಚಿನ ಆ ನಲವತ್ತು ದಿನ ನಮ್ಮಲ್ಲಿ ಮದುವೆಯಿಲ್ಲ, ಮದುವೆಯ ಹಾಡಂತೂ ಇಲ್ಲವೇ ಇಲ್ಲ. ಅದರಲ್ಲೂ ಶುಕ್ರವಾರ, ಮಾಂಸ ಮುಟ್ಟದ ದಿನ. ನಾನು ಆ ಬೆಳಿಗ್ಗೆ ಇಗರ್ಜಿಗೆ ಹೋಗಿದ್ದೆ. ಪೂಜೆ ಮುಗಿಸಿ ಹೊರಗೆ ಬಂದರೆ ಅಂಗಳದಲ್ಲಿ ಅದೇ ಮಾತು. "ತಪಸ್ಸಿನ ಶುಕ್ರವಾರ ರೋಸ್ ಹಾಡು ಹಾಕ್ತಾರೆ, ಮರ್ಯಾದೆ ಬೇಡ್ವಾ ಆ ಮನುಷ್ಯನಿಗೆ?"

ನಾನು ಅಲ್ಲೇ ಹೇಳಬಹುದಿತ್ತು. ಹೇಳಲಿಲ್ಲ. ನಾಚಿಕೆಯ ಮಾತು, ಆದರೂ ಬರೆಯುತ್ತೇನೆ: ಆ ವಾರವಿಡೀ ಮೇಲಿನ ಮಾಳಿಗೆಗೆ ಹೋಗಲಿಲ್ಲ. ಕಾಕಾರ ಫೋನಿಗೆ ಬೈಗುಳ ಬರುತ್ತಿದ್ದವೆಂದು ಗೊತ್ತಿತ್ತು. ಅವರು ನನ್ನ ಹೆಸರು ಹೇಳಲಿಲ್ಲವೆಂಬುದೂ ಗೊತ್ತಿತ್ತು.

ಮುಂದಿನ ಶುಕ್ರವಾರ ನಮ್ಮ ಅಡುಗೆಮನೆಯಲ್ಲಿ ಫೋನು ಹಚ್ಚಿ ಕೂತೆ. ಕಲ್ಲು ತಲೆಯ ಮೇಲೆ ತಿರುಗಿತು, ಕ್ಷಣ ಬಿಟ್ಟು ಫೋನಿನಲ್ಲೂ ತಿರುಗಿತು. ನಿಂತಿತು.

"ಹೋದ ವಾರ ನನ್ನಿಂದ ತಪ್ಪಾತ್ರಿ" ಎಂದರು ಕಾಕಾ. "ನಿಮ್ಮ ಉಪವಾಸದಾಗ ನಾ ಮದುವಿ ಊಟಾ ಬಡಿಸಿದೆ. ಗೊತ್ತಿರಲಿಲ್ಲ ಅಂತ ಹೇಳಂಗಿಲ್ಲ. ಕೇಳಬೇಕಾಗಿತ್ತು, ನಾ ಯಾರನ್ನೂ ಕೇಳಲಿಲ್ಲ."

ಯಾರನ್ನೂ ಕೇಳಲಿಲ್ಲವಂತೆ! ನೈಟಿಯ ಮೇಲೆ ಟವೆಲು ಹೊದ್ದು, ಬರಿಗಾಲಲ್ಲಿ ಮೆಟ್ಟಿಲು ಹತ್ತಿದೆ. ಏದುಸಿರು ಬಿಡುತ್ತಾ ಅವರ ಮುಂದಿದ್ದ ಬಾಟಲಿಯನ್ನು ಮೈಕಿನ ಸಮೇತ ಎತ್ತಿಕೊಂಡೆ.

"ತಪ್ಪು ಕಾಕಾಂದು ಅಲ್ಲ, ನಂದು. ಅವರು ಕೇಳಿದ್ರು. ನಾನೇ ಯಾವಾಗ ಬೇಕಾದ್ರೂ ಹಾಕಿ ಅಂತ ಹೇಳಿದ್ದು. ಹಾಡಿದ್ದು ನನ್ನ ಮಾವ್ಶಿ. ನಾನು ಕ್ರಿಶ್ಚನ್, ನನಗೆ ಗೊತ್ತುಂಟು, ಆದ್ರೂ ಹೇಳಿದೆ. ಬೈಯುವುದಿದ್ರೆ ನನಗೆ ಬೈಯಿರಿ. ಅವರಿಗೆ ಯಾರೂ ಫೋನ್ ಮಾಡುವುದು ಬೇಡ."

ಕಾಕಾ ಮೆಲ್ಲಗೆ, "ಈ ದಿನದಾಗ ಏನು ಹಾಡತೀರಿ, ಅದನ್ನ ಹೇಳವಾ" ಎಂದರು. ಯೇಸು ಪಟ್ಟ ಪಾಡಿನ ಹಾಡನ್ನು ನಮ್ಮಜ್ಜಿ ಸಂಜೆ ಜಪದ ನಂತರ ಹಾಡುತ್ತಿದ್ದುದನ್ನು ಹೇಳಿದೆ. ಹೇಳುತ್ತಾ ಹೇಳುತ್ತಾ ಎರಡು ಸಾಲು ಹಾಡಿಯೂಬಿಟ್ಟೆ. ಯಾರೂ ನಗಲಿಲ್ಲ. ಮಧ್ಯಾಹ್ನ ಒಬ್ಬ ಮುದುಕಿ ಫೋನ್ ಮಾಡಿ, "ನಿನ್ನ ಕನ್ನಡ ಕೇಳಿ ನಮ್ಮ ಜಗಲಿಯಲ್ಲೇ ಯಾರೋ ಮಾತಾಡಿದ ಹಾಗಾಯ್ತು ಮಗಳೇ, ಬರುವ ವಾರವೂ ಉಂಟಾ?" ಎಂದರು. ಉಂಟು ಎಂದೆ.

ಕಾಕಾ ಅದೇ ವಾರ ಗೋಡೆಗೆ ದೊಡ್ಡ ಕ್ಯಾಲೆಂಡರ್ ತೂಗುಹಾಕಿದರು. ತಪಸ್ಸಿನ ಕಾಲ, ರಮ್ಜಾನ್, ಶ್ರಾವಣ, ಆಟಿ ತಿಂಗಳು. ಯಾವಾಗ ಯಾವ ಹಾಡು ಸಲ್ಲದು ಎಂದು ನಾವಿಬ್ಬರೂ ಕೇಳಿ ಕೇಳಿ ಬರೆದೆವು. ಅದಿನ್ನೂ ನನ್ನ ಬಳಿ ಇದೆ.

ಹೊರಡುವ ದಿನ ಕಲ್ಲೆರಡನ್ನೂ ನಮ್ಮನೆಗೆ ಇಳಿಸಿದರು. "ಊರಾಗ ಮನಿಗೊಂದು ಬಿದ್ದಾವ, ಇದು ಇಲ್ಲೇ ಇರ್ಲಿ. ಒಂದು ಶುಕ್ರವಾರನೂ ತಪ್ಪಿಸಬ್ಯಾಡ. ಬ್ಯಾರೆ ಏನರ ಬಿಟ್ರೂ ನಡೀತತಿ, ಕಲ್ಲು ಬಿಡಬ್ಯಾಡ." ಮುದುಕರ ಹಟ ಎಂದುಕೊಂಡು ಹೂಂ ಅಂದೆ.

ಅವರಿಲ್ಲದ ಮೊದಲ ಶುಕ್ರವಾರ ನಾನೇ ಬೀಸಿದೆ. ಕಲ್ಲು ಎಡವಟ್ಟಾಗಿ ತಿರುಗಿತು, ಅರ್ಧ ಜೋಳ ನೆಲಕ್ಕೆ. ಕಾರ್ಯಕ್ರಮ ಮುಗಿಯುವಷ್ಟರಲ್ಲಿ ಕಾಕಾರ ವಾಟ್ಸಾಪ್ ಬಂತು. ಒತ್ತಿದರೆ, ಮೊದಲು ಕೇಳಿದ್ದು ನನ್ನದೇ ಕಲ್ಲಿನ ಸದ್ದು, ಅವರ ಮನೆಯ ಫೋನಿನಿಂದ ಹೊರಡುತ್ತಿದ್ದದ್ದು. ಅದರ ಮೇಲೆ ಒಂದು ಹೆಣ್ಣುದನಿ, ಒರಟು, ಸ್ವಲ್ಪ ನಡುಗುವ ದನಿ:

ಕಲ್ಲು ತಿರುವುವ ಕೈಯಿ ಕಡಲಿನ ಆಚಿಗಿ
ಸೊಲ್ಲು ಎತ್ತೀನಿ ನಾನಿಲ್ಲಿ – ನಮ ಹಿಟ್ಟು
ಎಲ್ಲಿ ಬಿದ್ದರೂ ಒಂದ ರಾಶಿ.

ಆಮೇಲೆ ಕಾಕಾ: "ನಿಮ್ಮ ಕಾಕು. ತಾನ ಕಟ್ಟಿದ್ದು. ಇಷ್ಟು ವರ್ಷ ನಾ ಅಲ್ಲಿ ಬೀಸ್ತಿದ್ದೆ, ಆಕಿ ಇಲ್ಲಿ ಕುಂತು ಹಾಡ್ತಿದ್ಲು. ಬೀಸೂಕಲ್ಲಿಗೆ ಇಬ್ರು ಬೇಕವಾ. ಇದನ್ನ ರೇಡಿಯೋದಾಗ ಹಾಕಬ್ಯಾಡ, ಆಕಿ ನಾಚತಾಳ. ಮತ್ತ ಜೋಳಾ ಒಮ್ಮಿಗೇ ಸುರಿಬ್ಯಾಡ, ಕಲ್ಲು ಕೆಮ್ಮತತಿ."

ಹಾಡವರು ಬ್ಯಾರೆ ಅದಾರ! ನಾನು ಹಿಟ್ಟಿನ ನಡುವೆ ಕೂತು ಅತ್ತೆ, ನಕ್ಕೆ. ಮಗಳು ಬಂದು "ಮಮ್ಮಾ, ವಾಟ್ ಹ್ಯಾಪನ್ಡ್?" ಎಂದಳು. ಕೂರಿಸಿಕೊಂಡು ಮತ್ತೊಮ್ಮೆ ಕೇಳಿಸಿದೆ.

ಎರಡು ವರ್ಷ ಅವರು ಹೆಂಡತಿಯ ಪಕ್ಕದಲ್ಲಿ ಕೂತು ನನ್ನ ಕಲ್ಲನ್ನು ಕೇಳಿದರು, ಪ್ರತಿವಾರ ಒಂದು ತಪ್ಪು ಹುಡುಕಿದರು. ಹೋದ ಚಳಿಗಾಲದಲ್ಲಿ, ಮಧ್ಯಾಹ್ನ ಊಟ ಮಾಡಿ ಮಲಗಿದವರು ಏಳಲಿಲ್ಲ. ಸುದ್ದಿ ಬಂದದ್ದು ಮಂಗಳವಾರ. ಸಾವಿನ ಮನೆ, ಈ ವಾರ ಕಲ್ಲು ತಿರುಗಿಸಬಹುದೋ ಬಾರದೋ? ಕ್ಯಾಲೆಂಡರಿನಲ್ಲಿ ಅದನ್ನು ನಾವು ಬರೆದಿರಲಿಲ್ಲ. ಈ ಸಲ ನಾನು ತಪ್ಪು ಮಾಡಲಿಲ್ಲ. ಕಾಕುವಿಗೇ ಫೋನ್ ಮಾಡಿ ಕೇಳಿದೆ.

"ನೀ ಬೀಸು ತಂಗಿ. ನನಗ ಹಾಡಾಕ ಬಂದ್ರ ಹಾಡತೀನಿ, ಇಲ್ಲಂದ್ರ ಕೇಳತೀನಿ" ಎಂದರು.

ಆ ಶುಕ್ರವಾರ ಹಾಡಿದರೋ ಇಲ್ಲವೋ ನಾನು ಕೇಳಲಿಲ್ಲ. ಅದಾದ ಮೇಲಿನ ವಾರ ಅವರೇ ಫೋನ್ ಮಾಡಿ, ಜೋಳ ಒಮ್ಮೆಗೇ ಸುರಿದೆಯೆಂದು ಬೈದರು. ನನಗೀಗ ಶುಕ್ರವಾರ ರಜೆಯಿಲ್ಲ. ಆರು ಗಂಟೆಗೆ ಹಿಡಿ ಜೋಳ ಹಾಕಿ, ಮೈಕು ಹಚ್ಚಿ, ನನ್ನ ಸೊಟ್ಟ ಕನ್ನಡದಲ್ಲಿ "ಕಲ್ಲು ನಾನು ತಿರುಗಿಸ್ತೇನೆ, ಹಾಡು ನೀವು ಹಾಡಿ" ಎಂದು ಹೇಳಿ ಗೂಟ ಹಿಡಿಯುತ್ತೇನೆ.