ಮಿರ್ಚಿ ಹಾಡಿನ ಅಕ್ಕನ ಜೊತೆ ಹರಪನಹಳ್ಳಿಗೆ

ಕೂಡ್ಲಿಗಿಯಲ್ಲಿ ಬೆಳಗಿನ ಬಸ್ಸು ಹತ್ತುವಾಗ ನನ್ನ ಚಿಂತೆಯೆಲ್ಲ ಗಿರಿಜಕ್ಕನ ಗಂಟಲಿನದೇ. ಅಕ್ಕ ಇಪ್ಪತ್ತೈದು ವರ್ಷದಿಂದ ರಸಮಂಜರಿಗಳಲ್ಲಿ ಹಾಡುತ್ತಿದ್ದಳು. ನಾನು ಅವಳ ಪಕ್ಕ ಕೀಬೋರ್ಡ್ ನುಡಿಸುವ ತಮ್ಮ. ಸಂಜೆ ಹರಪನಹಳ್ಳಿಯಲ್ಲಿ ಕಾರ್ಯಕ್ರಮ. ಖಾರ, ಕರಿದದ್ದು ಮುಟ್ಟಿದರೆ ಧ್ವನಿಯೇ ಹೋದೀತು ಎಂದು ದಾವಣಗೆರೆಯ ಡಾಕ್ಟರು ಹೆದರಿಸಿದ್ದರು. ಕೊಟ್ಟೂರಿನಿಂದ ನೇರ ಹೋಗಬಹುದಿತ್ತು. ಹಡಗಲಿಯಲ್ಲೊಂದು ಸನ್ಮಾನ ಒಪ್ಪಿಕೊಂಡು ಸುತ್ತು ಬಳಸಿದೆವು.

ಕಷ್ಟವೆಂದರೆ ಅಕ್ಕನಿಗೆ ಹೆಸರು ತಂದ ಹಾಡೇ ಮಿರ್ಚಿಯದು. ಗಂಡನ ಮೇಲೆ ಮುನಿಸಿಕೊಂಡವಳು ಮಂಡಕ್ಕಿ-ಮಿರ್ಚಿಗೆ ಸೋತು ರಾಜಿಯಾಗುವ ಹಾಡು. ಅವಳ ತವರಿನ ಹಾಡಿಗೆ ಹೆಂಗಸರು ಅಳುತ್ತಿದ್ದರು, ಆದರೆ ಕ್ಯಾಸೆಟ್ ಮಾರಿಸಿದ್ದು ಮಿರ್ಚಿ. ಈ ಸೀಮೆಯ ಜನ ಅವಳನ್ನು ಕಂಡರೆ ಚಹಾ ಕೇಳುವುದಿಲ್ಲ, ಬಿಸಿ ಮಿರ್ಚಿ ಬಜ್ಜಿ ತರುತ್ತಾರೆ. ಬೇಡವೆಂದರೆ ಸೊಕ್ಕು ಎಂದಾರು.

ಕೊಟ್ಟೂರಿನಲ್ಲಿ ಕಿಟಕಿಯಿಂದಲೇ ಪೊಟ್ಟಣ ಬಂತು. ಅಕ್ಕ ಚೂರು ಮುರಿದು ಬಾಯಿಗಿಟ್ಟಳು. ಹಗರಿಬೊಮ್ಮನಹಳ್ಳಿಯಲ್ಲಿ ಬಸ್ಸು ಬದಲಿಸುವಾಗ ಕ್ಯಾಸೆಟ್ ಅಂಗಡಿಯವನು ಅವಳದೇ ಹಾಡು ಜೋರು ಮಾಡಿ ಪ್ಲೇಟು ಹಿಡಿದು ಬಂದ.

“ಅಕ್ಕಾರಿಗೆ ಗಂಟ್ಲು ಸರಿ ಇಲ್ರಿ,” ಅಂದೆ.

“ಒಂದ ಒಂದು ತಗೊಳ್ರಿ ಅಕ್ಕಾರ. ನಮ್ಮ ಅಂಗಡ್ಯಾಗ ತಿಂದ್ರು ಅಂತ ಅವ್ವಗ ಹೇಳ್ಬೇಕು.”

ಅಕ್ಕ ತಿಂದಳು. ನನಗೆ ಸಿಟ್ಟು ನೆತ್ತಿಗೇರಿತು.

ಹಡಗಲಿಯಲ್ಲಿ ಸುಡುಬಿಸಿಲು. ಶಾಲು, ಮಲ್ಲಿಗೆ ಹಾರ, ಹಿಂದೆಯೇ ಮತ್ತೆ ಮಿರ್ಚಿ. ಮುಂದಿನ ಬಸ್ಸಿನಲ್ಲಿ ಅಕ್ಕ ಕೆಮ್ಮತೊಡಗಿದಳು. ಹೆದರಿದವನ ಮೇಲೆ ಕಪ್ಪೆ ಎಸೆದಂತಾಯಿತು.

“ನನ್ನ ಗಂಟ್ಲ ನನಗ ಗೊತ್ತೈತಿ. ನೀ ಸುಮ್ನ ಕುಂದ್ರು ಲೇ,” ಎಂದಳು.

ಹರಪನಹಳ್ಳಿಯಲ್ಲಿ ಮೈದಾನ ತುಂಬಿತ್ತು. ತವರಿನ ಹಾಡು ಹೇಗೋ ದಾಟಿತು. ಮಿರ್ಚಿ ಹಾಡಿನ ಎರಡನೇ ಚರಣ ಮೇಲೇರುವಲ್ಲಿ ಧ್ವನಿ ಒಡೆದು ನಿಂತೇಬಿಟ್ಟಿತು. ನಾನು ಚರಣದ ಮೊದಲ ಸಾಲನ್ನೇ ಮತ್ತೆ ನುಡಿಸಿದೆ. ಅಕ್ಕ ಮೈಕನ್ನು ಬಾಯಿಗೊತ್ತಿಕೊಂಡು ಗೊಗ್ಗರು ದನಿಯಲ್ಲಿ ಹೇಳಿದಳು:

“ಬೆಳಗಿಂದ ದಾರಿಗುಂಟ ತಿನ್ನಿಸಿದೋರು ನೀವು. ಉಳಿದಿದ್ದು ನೀವ ಹಾಡ್ರಿ.”

ನಗೆ ಎದ್ದಿತು. ಹೆಂಗಸರ ಕಡೆಯಿಂದ ಶುರುವಾಗಿ ಇಡೀ ಮೈದಾನ ಹಾಡಿ ಮುಗಿಸಿತು. ಒಂದು ಮಾತೂ ತಪ್ಪಲಿಲ್ಲ.

ಮರುದಿನ ಕೊಟ್ಟೂರಿನ ಮೇಲೆ ವಾಪಸಾದೆವು. ಬಸ್ಸಿನಲ್ಲಿ ಅಕ್ಕ ನನ್ನ ಕಿವಿಗೆ ಬಾಯಿಟ್ಟು, “ಎಲ್ಲಾರಿಗೂ ಬರ್ತೈತಿ ನೋಡು. ಇನ್ನ ನಾ ಹಾಡದಿದ್ರೂ ನಡೀತೈತಿ,” ಎಂದಳು. ಅವಳಿಗೆ ಅದು ಸಂತೋಷ. ನನಗಲ್ಲ.

“ಹಂಗನಬ್ಯಾಡಕ್ಕ,” ಅಂದೆ.

ಕೂಡ್ಲಿಗಿಯಲ್ಲಿ ಚೀಲವನ್ನು ಸೀಟಿನಲ್ಲೇ ಮರೆತು ಇಳಿಯುತ್ತಿದ್ದೆ. ನನ್ನನ್ನು ಕರೆಯಲು ಅಕ್ಕ ಬಾಯಿ ತೆರೆದಳು. ದನಿ ಹೊರಡಲಿಲ್ಲ. ಚಪ್ಪಾಳೆ ತಟ್ಟಿ ಕರೆದಳು.