ಅತ್ತೆ ನೋಡದ ಸಿನಿಮಾ

ಇದನ್ನು ಬರೆಯಬೇಕೆಂದು ಎಷ್ಟೋ ಸಲ ಕೂತು, ಬರೆಯದೆ ಎದ್ದಿದ್ದೇನೆ. ಈಗ ವಯಸ್ಸಾಯಿತು. ಇನ್ನೂ ಮುಂದೂಡಿದರೆ ನನ್ನ ಜೊತೆಗೇ ಹೋಗುತ್ತದೆ.

ತೊಂಬತ್ತರ ದಶಕದ ಮೊದಲ ವರ್ಷಗಳು. ರೈಲ್ವೆ ಗುಮಾಸ್ತನಾಗಿ ಕಾಶಿಗೆ ವರ್ಗವಾಗಿ ಬಂದು ಜಂಗಮವಾಡಿಯ ಗಲ್ಲಿಯೊಂದರಲ್ಲಿ ಬಾಡಿಗೆಗಿದ್ದೆ. ಜೊತೆಗೆ ಹೆಂಡತಿ, ಮತ್ತು ನನ್ನನ್ನು ಸಾಕಿ ಬೆಳೆಸಿದ ಸೋದರತ್ತೆ. ಅತ್ತೆ ವಿಧವೆ.

ನಾವು ಕೆಲವು ಕನ್ನಡದ ನೌಕರರು ಸೇರಿ, ಮದುವೆ ವಿಡಿಯೋದವನ ಕ್ಯಾಮೆರಾದಲ್ಲಿ ಒಂದು ಕಿರುಚಿತ್ರ ಮಾಡಿದೆವು. ಕಥೆ ನನ್ನದೇ. ದಶಾಶ್ವಮೇಧ ಘಾಟಿನಲ್ಲಿ ನಿಂತು ಹೆಣ್ಣೇ ದೇವತೆ ಎಂದು ಯಾತ್ರಿಕರಿಗೆ ಭಾಷಣ ಬಿಗಿಯುವ ದೊಡ್ಡಮನುಷ್ಯ, ಮನೆಗೆ ಅರಿಶಿನ-ಕುಂಕುಮಕ್ಕೆ ಮುತ್ತೈದೆಯರು ಬಂದಾಗ ವಿಧವೆ ತಾಯಿಯನ್ನು ಅಡುಗೆಮನೆಗೆ ಅಟ್ಟುತ್ತಾನೆ. ತಾಯಿಯ ಪಾತ್ರಕ್ಕೆ ಬೇರೆ ಯಾರೂ ಸಿಗದೆ ಅತ್ತೆಯನ್ನೇ ಕೂರಿಸಿದೆ. "ಮಾತಾಜೀ, ಏಕ್‌ದಮ್ ಫಸ್ಟ್ ಕ್ಲಾಸ್" ಎಂದ ಕ್ಯಾಮೆರಾದವನು. ಅಂದಿನಿಂದ ಅತ್ತೆಗೆ ಒಂದೇ ಆಸೆ. "ಟೀವ್ಯಾಗ ನಾ ಹೆಂಗ ಕಾಣ್ತೀನಿ, ಒಮ್ಮೆ ನೋಡಬೇಕಪಾ ತಮ್ಮಾ."

ಬಾಡಿಗೆ ವಿಸಿಆರ್ ತಂದು ನಮ್ಮ ಮನೆಯಲ್ಲೇ ಎಲ್ಲರಿಗೂ ತೋರಿಸುವುದೆಂದಾಯಿತು. ಅದು ಶ್ರಾವಣ ಶುಕ್ರವಾರ. ಬಂದ ಹೆಂಗಸರಿಗೆ ಕುಂಕುಮವನ್ನೂ ಕೊಟ್ಟುಬಿಡೋಣ ಎಂದಳು ಹೆಂಡತಿ. ಕಾಶಿಯದೇ ಭೇಲೂಪುರ ಬಡಾವಣೆಯಿಂದ, ನಮ್ಮ ಕಡೆಯವರೇ ಆದ ನನ್ನ ಸಾಹೇಬರು ಪತ್ನಿಯೊಡನೆ ಬರುವವರಿದ್ದರು. ಅವರಿಗೆ ಶಕುನದ ಗೀಳು ವಿಪರೀತ.

"ಅತ್ತಿ, ಅವರು ಹೋಗೂ ತನಕ ನೀ ಒಳಗ ಇರು" ಎಂದೆ.

ಪೆಟ್ಟಿಗೆಯೊಳಗಿನ ಸೀರೆ ಉಟ್ಟು ತಯಾರಾಗಿದ್ದ ಅತ್ತೆ ನನ್ನ ಮುಖ ನೋಡಿದಳು. "ಇವತ್ತೂ ಶೂಟಿಂಗ್ ಐತೇನೋ?"

ನಾನು ವಿಸಿಆರ್‌ನ ವೈರು ಜೋಡಿಸತೊಡಗಿದೆ. ಅವಳು ಒಳಗೆ ಹೋದಳು.

ಸಿನಿಮಾ ನೋಡಿ ಎಲ್ಲರೂ ಬಿದ್ದು ಬಿದ್ದು ನಕ್ಕರು. ಸಾಹೇಬರು ಮಾತ್ರ ನಗಲಿಲ್ಲ; ಅಂಥ ಭಾಷಣದ ಚಟ ಅವರಿಗೂ ಇತ್ತು. ಅವರ ಪತ್ನಿ ಕೇಳಿದರು, "ಮುದುಕಿ ಭಾಳ ಛಲೋ ಮಾಡ್ಯಾಳ್ರಿ. ಯಾರಕಿ?"

"ಯಾರೋ ಘಾಟಿನ ಮ್ಯಾಲಿನಾಕಿರಿ" ಎಂದೆ.

ಒಳಗೆ ಉಪ್ಪಿಟ್ಟು ಹಾಕುತ್ತಿದ್ದ ತಟ್ಟೆಗಳ ಸದ್ದು ನಿಂತಿತು. ಸ್ವಲ್ಪ ಹೊತ್ತಿಗೆ ಮತ್ತೆ ಶುರುವಾಯಿತು.

ಅತಿಥಿಗಳು ಹೋದ ಮೇಲೆ, ಇನ್ನೊಮ್ಮೆ ಹಾಕಿ ತೋರಿಸುತ್ತೇನೆ ಎಂದೆ. "ಬ್ಯಾಡ ಬಿಡು. ನೋಡಿದಂಗ ಆತು" ಎಂದು ಅತ್ತೆ ತಟ್ಟೆ ತೊಳೆಯಲು ಕೂತಳು.

ಸಾಹೇಬರಿಗೆ ಬೇಸರವಾಗಿದೆಯೆಂದು ಮರುದಿನವೇ ರಿಕ್ಷಾ ಹಿಡಿದು ಅವರ ಮನೆಗೆ ಹೋದೆ. "ತಪ್ಪಾತ್ರಿ" ಎಂದು ಕೈಮುಗಿದೆ. ಅವರು ಚಹಾ ಕೊಟ್ಟು ಕಳಿಸಿದರು.

ಅತ್ತೆ ಆಮೇಲೂ ಹಲವು ವರ್ಷ ನನ್ನ ಮನೆಯಲ್ಲೇ ಇದ್ದಳು, ದಿನವೂ ನನಗೆ ಬಡಿಸಿದಳು, ಅಲ್ಲೇ ತೀರಿಕೊಂಡಳು. ಬಾಯಿಗೆ ಗಂಗಾಜಲ ಹಾಕುವಾಗಲೂ ನನ್ನ ನಾಲಿಗೆ ಹೊರಳಲಿಲ್ಲ. ನಾನು ಕ್ಷಮೆ ಕೇಳದೇ ಉಳಿದದ್ದು ಅವಳನ್ನು, ನನ್ನ ಸೋದರತ್ತೆಯನ್ನು.