ಗಿಲಕಿಯ ಮೇಲೆ ಹೂಡಿದ ದಾವೆ

ಕೋರ್ಟಿನವರು ಬಂದಾಗ ರೋಶನ್ ಬೀ ಲೇತಿನ ಮುಂದೆ ಕೂತು ಮರ ಕಡೆಯುತ್ತಿದ್ದಳು. ಬೆಳಗಿನ ಹನ್ನೊಂದರ ಹೊತ್ತು. ಕರಿ ಕೋಟಿನ ಎಳೆ ವಯಸ್ಸಿನ ವಕೀಲೆ ಮೊದಲು ಒಳಗೆ ಬಂದಳು. ಅವಳ ಹಿಂದೆ ಇಬ್ಬರು ಪೊಲೀಸರು. ಅವರ ಹಿಂದೆ, ಮೊಬೈಲಿನಲ್ಲಿ ವಿಡಿಯೊ ಮಾಡುತ್ತ, ಬೆಂಗಳೂರಿನ ಆಟಿಕೆ ಕಂಪನಿಯ ಪುನೀತ್.

"ರೋಶನ್ ಬೀ ಅಂದ್ರೆ ಯಾರು?"

"ನಾನೇ. ಏನಾಗ್ಬೇಕಿತ್ತು?"

ಕೋರ್ಟು ತನ್ನನ್ನು ಕಮಿಷನರ್ ಮಾಡಿ ಕಳಿಸಿದೆ ಎಂದಳು ವಕೀಲೆ. ಈ ಕಾರ್ಖಾನೆಯಲ್ಲಿರುವ ಗಿಲಕಿಗಳನ್ನೆಲ್ಲ ಎಣಿಸಿ, ಮೂಟೆ ಕಟ್ಟಿ, ಮೊಹರು ಹಾಕಬೇಕು. ಕೋರ್ಟು ಹೇಳುವ ತನಕ ಈ ನಮೂನೆಯ ಗಿಲಕಿಯನ್ನು ಇಲ್ಲಿ ಮಾಡಕೂಡದು, ಎಲ್ಲಿಯೂ ಮಾರಕೂಡದು. ಏಕೆಂದರೆ ಈ ನಮೂನೆ ಪುನೀತನ ಕಂಪನಿಯದು.

ರೋಶನ್ ಬೀಗೆ ತಾನು ಸರಿಯಾಗಿ ಕೇಳಿಸಿಕೊಂಡೆನೇ ಎಂದು ಅನುಮಾನವಾಯಿತು. ಲೇತು ನಿಲ್ಲಿಸಿ ಇನ್ನೊಮ್ಮೆ ಹೇಳಿಸಿಕೊಂಡಳು. ಅಷ್ಟರಲ್ಲಿ ಪೊಲೀಸರು ಬುಟ್ಟಿಗಳನ್ನು ಮೂಟೆಗೆ ಸುರಿಯತೊಡಗಿದ್ದರು. ಬಣ್ಣ ಹಚ್ಚುತ್ತಿದ್ದ ಕೆಂಚಮ್ಮ ಎದ್ದು ಗೋಡೆಗೆ ಒತ್ತಿ ನಿಂತಳು.

ಅವರು ತಂದಿದ್ದ ಮೊಹರಿನ ಅರಗು ಎರಡನೇ ಮೂಟೆಗೇ ಮುಗಿಯಿತು. ಗೊಂಬೆಗೆ ಹಚ್ಚುವ ಬಣ್ಣದರಗಿನ ಕಡ್ಡಿಗಳು ಬುಟ್ಟಿ ತುಂಬ ಪಕ್ಕದಲ್ಲೇ ಇದ್ದವು. ಪೇದೆಯೊಬ್ಬ ಸಲೀಸಾಗಿ ಒಂದು ಕೆಂಪು ಕಡ್ಡಿ ಎತ್ತಿಕೊಂಡ.

"ಇಕ್ಕಯ್ಯ ಅದನ್ನ ಕೆಳಕ್ಕೆ!" ರೋಶನ್ ಬೀಯ ಕೂಗಿಗೆ ಪಕ್ಕದ ಕಾರ್ಖಾನೆಯ ಲೇತುಗಳೂ ನಿಂತವು. "ನಮ್ಮರಗಲ್ಲೇ ನಮ್ ಮಾಲಿಗೆ ಮೊಹರು ಹಾಕ್ತೀರಾ? ಅಂಗಡಿಗೋಗಿ ಕಾಸು ಕೊಟ್ಟು ತಗಂಬನ್ನಿ!"

ಪೇದೆ ಗದರಲು ಬಾಯಿ ತೆರೆದ. ವಕೀಲೆ ತಡೆದಳು. ಅಂಗಡಿಯಿಂದ ಅರಗು ಬರುವ ತನಕ ಎಲ್ಲರೂ ಮುಖ ಮುಖ ನೋಡಿಕೊಂಡು ನಿಂತಿದ್ದರು. ಮೂರು ಮೂಟೆಗಳಿಗೂ ಮೊಹರು ಬಿದ್ದ ಮೇಲೆ ಅವನ್ನು ಅವಳ ಕಾರ್ಖಾನೆಯ ಮೂಲೆಯಲ್ಲೇ ಇಟ್ಟು, ಮುಟ್ಟಿದರೆ ಜೈಲು ಎಂದು ಬರೆದ ಕಾಗದಕ್ಕೆ ಅವಳಿಂದಲೇ ಸಹಿ ಹಾಕಿಸಿಕೊಂಡು ಹೋದರು.

ಆ ಗಿಲಕಿ ಚನ್ನಪಟ್ಟಣದ ಆ ಗಲ್ಲಿಗೆ ಹೊಸದಲ್ಲ. ಒಂದೇ ತುಂಡು ಹಾಲೆ ಮರದಲ್ಲಿ ನಡುವೆ ಕೋಲು, ಕೋಲಿನ ಸುತ್ತ ಮೂರು ಬಳೆ. ಬಳೆಗಳನ್ನು ಆಮೇಲೆ ತೊಡಿಸಿದ್ದಲ್ಲ, ಮರದಿಂದಲೇ ಕಡೆದು ಬಿಡಿಸಿದ್ದು. ಹಾಗಾಗಿ ಕಳಚಿಕೊಂಡು ಮಗುವಿನ ಗಂಟಲಿಗೆ ಸಿಕ್ಕುವ ಭಯವಿಲ್ಲ. ರೋಶನ್ ಬೀಯ ಮಾವ ಅದನ್ನು ಮೊದಲು ಕಡೆದಾಗ ಅವಳಿನ್ನೂ ರಾಮನಗರದ ತವರಿನಲ್ಲಿ, ಬಿಸಿನೀರಿಗೆ ಕೈ ಹಾಕಿ ರೇಷ್ಮೆಗೂಡಿನ ನೂಲಿನ ಎಳೆ ಹುಡುಕುತ್ತಿದ್ದ ಹುಡುಗಿ. ಹತ್ತೊಂಬತ್ತಕ್ಕೆ ಗೌಸನನ್ನು ಮದುವೆಯಾಗಿ ಈ ಊರಿಗೆ ಬಂದಳು. ಮಾವನ ಕೈಯ ಕೆಲಸ ಗೌಸನಿಗೆ ಬಂತು. ಗೌಸ್ ಎದೆಯ ಕಾಯಿಲೆಯಿಂದ ತೀರಿಕೊಂಡಾಗ, ಹೆಂಗಸರು ಬಣ್ಣ ಹಚ್ಚಬೇಕೇ ಹೊರತು ಉಳಿ ಹಿಡಿಯುವುದು ಸರಿಯಲ್ಲ ಎಂದು ಗಲ್ಲಿಯವರು ಅಂದುಕೊಳ್ಳುತ್ತಿರುವಾಗಲೇ ಅವಳು ಗಂಡನ ಲೇತಿನ ಮುಂದೆ ಕೂತಳು. ಎರಡು ಲೇತುಗಳನ್ನು ನಾಲ್ಕು ಮಾಡಿದಳು. ಮಗಳು ಮೆಹ್ರೀನ್‌ಳನ್ನು ಓದಿಸಿದಳು. ಅವಳೀಗ ಖಾಸಗಿ ಶಾಲೆಯೊಂದರಲ್ಲಿ ಲೆಕ್ಕದ ಟೀಚರು.

ಪುನೀತ್ ಮೊದಲು ಬಂದಿದ್ದು ಕೊಳ್ಳುವವನಾಗಿ. ‘ಆಂಟಿ’ ಎನ್ನುತ್ತ ಚಾಪೆಯ ಮೇಲೆ ಕೂತು ಟೀ ಕುಡಿದ. ಗಿಲಕಿಯ ಫೋಟೊ ತೆಗೆದ, ಅಳತೆ ಬರೆದುಕೊಂಡ. ಇನ್ನೂರು ಗಿಲಕಿ ಕೊಂಡು, ಹೇಳಿದ ದಿನವೇ ದುಡ್ಡೂ ಕಳಿಸಿದ. ಆಮೇಲೆ ಪತ್ತೆಯಿಲ್ಲ. ಒಂದೂವರೆ ವರ್ಷ ಕಳೆದ ಮೇಲೆ ಬಂದದ್ದು ರಿಜಿಸ್ಟರ್ಡ್ ಅಂಚೆಯಲ್ಲಿ ಒಂದು ನೋಟಿಸು.

ಮೆಹ್ರೀನ್ ಅದನ್ನು ಎರಡು ಸಲ ಓದಿ ಅರ್ಥ ಹೇಳಿದಳು. ಗಿಲಕಿಯ ನಮೂನೆ ಕಂಪನಿಯ ಹೆಸರಿನಲ್ಲಿ ನೋಂದಣಿಯಾಗಿದೆ. ರೋಶನ್ ಬೀ ಅದನ್ನು ನಕಲು ಮಾಡಿ ಬೆಂಗಳೂರಿನ ಅಂಗಡಿಗಳಿಗೆ ಮಾರುತ್ತಿದ್ದಾಳೆ. ಹದಿನೈದು ದಿನದೊಳಗೆ ನಿಲ್ಲಿಸಿ, ಕ್ಷಮೆ ಕೇಳಿ, ಇಪ್ಪತ್ತು ಲಕ್ಷ ಪರಿಹಾರ ಕೊಡಬೇಕು.

"ಉತ್ತರ ಕೊಡೋಣ ಅಮ್ಮಿ. ಲಾಯರ್ ಹತ್ರ ಹೋಗೋಣ" ಎಂದಳು ಮೆಹ್ರೀನ್.

"ಕಳ್ಳ ಬಂದು ನೀನೇ ಕಳ್ಳಿ ಅಂದ್ರೆ ಅವನಿಗೆ ಉತ್ತರ ಬೇರೆ ಕೊಡ್ಬೇಕಾ? ಹರಿದು ಒಲೆಗೆ ಹಾಕು."

ಮೆಹ್ರೀನ್ ಹರಿಯಲಿಲ್ಲ, ಆದರೆ ಉತ್ತರವೂ ಹೋಗಲಿಲ್ಲ. ಕಂಪನಿ ಕೋರ್ಟಿಗೆ ಹೋಗಿ, ನೋಟಿಸಿಗೂ ಬೆಲೆ ಕೊಡದ ಹೆಂಗಸು ಎಂದು ಹೇಳಿತು. ಇವಳ ಮಾತು ಕೇಳದೆಯೇ ಕೋರ್ಟು ತಡೆಯಾಜ್ಞೆ ಕೊಟ್ಟಿತು.

ಮೊಹರು ಬಿದ್ದ ಸಂಜೆ ಅಮ್ಮ ಮಗಳು ಊರಿನ ವಕೀಲ ರುದ್ರಪ್ರಸಾದ್ ಮನೆಗೆ ಹೋದರು. ಜಮೀನು, ಪಾಲು, ಬಾಡಿಗೆ ಕೇಸುಗಳಲ್ಲಿ ತಲೆ ನರೆತ ಮನುಷ್ಯ. ಕಾಗದಗಳನ್ನು ನಿಧಾನವಾಗಿ ತಿರುವಿದರು.

"ನೋಟಿಸು ಬಂದಾಗ್ಲೇ ಬಂದಿದ್ರೆ ಒಂದು ಕಾಗದ ಬರೆದು ಹಾಕ್ತಿದ್ದೆ ರೋಶನಮ್ಮ. ಬಹುಶಃ ಇಷ್ಟು ಬೆಳೀತಿರಲಿಲ್ಲ. ಈಗ ಅವರತ್ರ ಸರ್ಕಾರದ ಸರ್ಟಿಫಿಕೇಟ್ ಐತೆ."

"ನಮ್ ಮಾವ ಕಡೆದಿದ್ದಕ್ಕೆ ಅವ್ರಿಗೆಂಗೆ ಸರ್ಟಿಫಿಕೇಟ್ ಕೊಟ್ರು? ಸರ್ಕಾರದೋರು ಇಲ್ಲಿಗೆ ಬಂದು ಒಂದು ಮಾತು ಕೇಳ್ಬಾರ್ದಾ?"

"ಅವರೆಲ್ಲಿ ಬತ್ತಾರೆ? ಅರ್ಜಿ ನೋಡ್ತಾರೆ, ಇರೋ ದಾಖಲೆ ನೋಡ್ತಾರೆ. ದಾಖಲೇಲಿ ನಿಮ್ಮ ಮಾವ ಇಲ್ಲ."

ಈ ಬಗೆಯ ಕೇಸು ತಮ್ಮ ಕೈಲಾಗುವುದಿಲ್ಲ ಎಂದು ಒಪ್ಪಿಕೊಂಡು, ತಮ್ಮ ಹಳೆಯ ಜೂನಿಯರ್ ಸೌಮ್ಯಶ್ರೀಯ ವಿಳಾಸ ಕೊಟ್ಟರು. ಆಕೆ ಬೆಂಗಳೂರಿನಲ್ಲಿ ವಕೀಲೆ.

ಸೌಮ್ಯಶ್ರೀ ಒಳ್ಳೆಯವಳೇ. ಫೀಸಿನಲ್ಲಿ ಅರ್ಧ ಬಿಟ್ಟಳು. ಉಳಿದ ಅರ್ಧಕ್ಕೆ ಒಂದು ಲೇತು ಹೋಯಿತು. ಮೊದಲ ದಿನವೇ ಅವಳು ಹೇಳಿದ ಮಾತಿಗೆ ರೋಶನ್ ಬೀ ಕುರ್ಚಿಯಿಂದ ಎದ್ದೇ ಬಿಟ್ಟಿದ್ದಳು.

"ಅಮ್ಮಾ, ಇದು ಹಳೇ ನಮೂನೆ, ಅವರ ನೋಂದಣಿಯೇ ನಿಲ್ಲಲ್ಲ ಅಂತ ನಾವು ವಾದ ಹಾಕಿದ ಕೂಡಲೇ ಕೇಸು ಹೈಕೋರ್ಟಿಗೆ ಹೋಗುತ್ತೆ. ಕಾನೂನಿರೋದೇ ಹಾಗೆ."

"ಅಂದ್ರೆ? ಸುಮ್ನಿದ್ರೆ ಚಿಕ್ಕ ಕೋರ್ಟು, ನಿಜ ಹೇಳಿದ್ರೆ ದೊಡ್ಡ ಕೋರ್ಟಾ?"

"ಹೂಂ. ಖರ್ಚೂ ದೊಡ್ಡದೇ."

"ಹಾಕಿ ವಾದ" ಎಂದಳು ರೋಶನ್ ಬೀ. ಎರಡನೆಯ ಲೇತು ಅದಕ್ಕೆ ಹೋಯಿತು.

ವಾಯಿದೆಯ ದಿನಗಳಂದು ಅವಳು ಬೆಳಗಿನ ರೈಲು ಹಿಡಿಯುತ್ತಿದ್ದಳು. ಬರಲೇಬೇಕೆಂದಿಲ್ಲ ಎಂದು ಸೌಮ್ಯಶ್ರೀ ಹೇಳಿದರೂ ಕೇಳುತ್ತಿರಲಿಲ್ಲ. ತಾನಿಲ್ಲದಾಗ ತನ್ನ ಮೇಲೆ ಆಜ್ಞೆ ಹೊರಡಿಸಿದವರ ಮೇಲೆ ಅವಳಿಗೆ ನಂಬಿಕೆ ಉಳಿದಿರಲಿಲ್ಲ. ಒಂದು ದಿನ ಕಂಪನಿಯ ವಕೀಲರಿಗೆ ಬೇರೆ ಕೋರ್ಟಿನಲ್ಲಿ ಕೆಲಸ. ಇನ್ನೊಂದು ದಿನ ಫೈಲು ಇನ್ನೂ ಬಂದಿಲ್ಲ. ಮತ್ತೊಂದು ದಿನ ಮಧ್ಯಾಹ್ನ ನಾಲ್ಕರ ತನಕ ಕಾದರೂ ಅವರ ಕೇಸಿನ ಸರದಿ ಬರಲಿಲ್ಲ. ಹೀಗೇ ಹನ್ನೊಂದು ತಿಂಗಳು. ಆ ಹನ್ನೊಂದು ತಿಂಗಳೂ ಮೂಲೆಯ ಮೂಟೆಗಳನ್ನು ಇಲಿ ಕೆರೆಯುವ ಸದ್ದು ಕೇಳಿಸುತ್ತಿತ್ತು. ಓಡಿಸಲು ಮೂಟೆ ಮುಟ್ಟುವಂತಿರಲಿಲ್ಲ.

ಗಿಲಕಿ ನಿಂತರೆ ನಿಲ್ಲಲಿ, ಬುಗುರಿ, ಬಂಡಿ, ಕುದುರೆ ಇವೆಯಲ್ಲ ಎಂದುಕೊಂಡಿದ್ದಳು. ಅಂಗಡಿಯವರು ಅವನ್ನೂ ಕೊಳ್ಳಲಿಲ್ಲ. "ನಿಮ್ಮ ಮಾಲಿಟ್ಟುಕೊಂಡು ನಾವ್ಯಾಕಮ್ಮ ಕೋರ್ಟಿಗೆ ಅಲೀಬೇಕು?" ಎಂದು ಹದಿನೆಂಟು ವರ್ಷದಿಂದ ಕೊಳ್ಳುತ್ತಿದ್ದ ಗಿರಾಕಿಯೊಬ್ಬ ಫೋನಿಟ್ಟ. ಕೆಲಸದ ಇಬ್ಬರು ಗಂಡಸರು ತಲೆ ಕೆರೆಯುತ್ತ ಬಂದು ಹೇಳಿ, ಹಾರೋಹಳ್ಳಿಯ ಫ್ಯಾಕ್ಟರಿಗೆ ಸೇರಿದರು. ಅವರನ್ನು ಬಯ್ಯಲು ಅವಳಿಗೆ ಬಾಯಿ ಬರಲಿಲ್ಲ. ಮೂರನೆಯ ಲೇತೂ ಹೋಯಿತು. ಕೆಂಚಮ್ಮ ಮಾತ್ರ ಅರ್ಧ ಕೂಲಿಗೆ ಉಳಿದಳು.

ರಾಜಿ ಮಾತಿಗೆ ಕರೆದಾಗ ಎರಡೂ ಕಡೆಯವರು ಒಂದೇ ಮೇಜಿನ ಸುತ್ತ ಕೂತರು. ಕಂಪನಿಯ ವಕೀಲ ಮೃದುವಾಗಿ ಮಾತಾಡಿದ. ಇಪ್ಪತ್ತು ಲಕ್ಷ ಬಿಟ್ಟುಬಿಡುತ್ತೇವೆ. ನಮೂನೆ ನಮ್ಮದೆಂದು ಬರೆದುಕೊಡಲಿ. ಆಮೇಲೆ ಬೇಕಾದರೆ ಇದೇ ಗಿಲಕಿಯನ್ನು ನಮಗೇ ಮಾಡಿಕೊಡಲಿ, ಒಂದಕ್ಕೆ ಮೂವತ್ತೆರಡು ರೂಪಾಯಿ.

ರೋಶನ್ ಬೀ ಅವನತ್ತ ನೋಡಲೇ ಇಲ್ಲ. ಎದುರಿಗಿದ್ದ ಪುನೀತನನ್ನು ಕೇಳಿದಳು. "ನಮ್ಮನೇಲಿ ಕೂತು ಕೇಳಿದ್ಯಲ್ಲಪ್ಪ, ಆಂಟಿ, ಈ ಬಳೆ ಒಳಕ್ಕೆ ಹೆಂಗೆ ತೊಡಿಸ್ತೀರಾ ಅಂತ. ತೊಡ್ಸಲ್ಲ, ಕಡೆದು ಬಿಡಿಸ್ತೀವಿ ಅಂತ ನಾನೇ ಮಾಡಿ ತೋರ್ಸಿದೆ. ಹೇಳು ಈಗ, ಯಾರು ಯಾರತ್ರ ಕಲ್ತಿದ್ದು?"

ಪುನೀತ್ ಪೆನ್ನಿನ ಮುಚ್ಚಳ ತೆಗೆದು, ಮತ್ತೆ ಹಾಕಿದ. "ನಾನು ಸಂಬಳಕ್ಕಿರೋನು ಆಂಟಿ."

"ಸಂಬಳಕ್ಕೆ ಸುಳ್ಳೂ ಹೇಳ್ತೀಯಾ?"

ರೋಶನ್ ಬೀ ಸಹಿ ಹಾಕಲಿಲ್ಲ. ಹೊರಗೆ ಬಂದ ಮೇಲೆ ಸೌಮ್ಯಶ್ರೀ ಬೆವರು ಒರೆಸಿಕೊಂಡಳು. "ನಿಮ್ಮ ಸಿಟ್ಟು ನಂಗರ್ಥ ಆಗುತ್ತೆ. ಆದ್ರೆ ಸಿಟ್ಟನ್ನ ಕೋರ್ಟಿಗೆ ಸಾಕ್ಷಿ ಅಂತ ಕೊಡೋಕಾಗಲ್ಲ. ಅವರು ನೋಂದಣಿ ಮಾಡಿಸೋ ಮುಂಚೆ ಅಚ್ಚಾಗಿರೋ ಒಂದು ಕಾಗದ ಬೇಕು. ಅದರಲ್ಲಿ ಈ ಗಿಲಕಿ ಕಣ್ಣಿಗೆ ಕಾಣಬೇಕು. ಒಂದೇ ಒಂದು ಸಾಕು."

ಗೌಸನ ಹಳೇ ಬಿಲ್ಲುಗಳಲ್ಲಿ ‘ಗಿಲಕಿ’ ಎಂದಿತ್ತೇ ಹೊರತು ಅದರ ಆಕಾರವಿರಲಿಲ್ಲ. ಮೆಹ್ರೀನ್ ಅಟ್ಟದ ಟ್ರಂಕುಗಳನ್ನೆಲ್ಲ ಕೆಳಗಿಳಿಸಿದಳು. ಏನೂ ಸಿಗಲಿಲ್ಲ. ಬಣ್ಣದ ಕೈ ತೊಳೆಯುತ್ತಿದ್ದ ಕೆಂಚಮ್ಮ ಇವರ ಮಾತು ಕೇಳಿಸಿಕೊಂಡು ಅಲ್ಲಿಂದಲೇ ಅಂದಳು:

"ಅಕ್ಕಾ, ನಮ್ ಹಿರಿಮಗ್ಳು ಕೂಸಾಗಿದ್ದಾಗ ಕ್ಯಾಲೆಂಡರಲ್ಲಿ ಬಂದಿದ್ಲಲ್ಲ, ಗ್ಯಾನ ಐತಾ?"

ಕನಕಪುರದ ಬಟ್ಟೆ ಅಂಗಡಿಯೊಂದು ಆ ವರ್ಷ ಗಿರಾಕಿಗಳಿಗೆ ಹಂಚಲು ಮಗುವಿನ ಚಿತ್ರದ ಕ್ಯಾಲೆಂಡರ್ ಮಾಡಿಸಿತ್ತು. ಫೋಟೊದವನು ಸಾತನೂರಿನವನು. ಅಲ್ಲಿನ ತವರಿಗೆ ಹೋಗಿದ್ದ ಕೆಂಚಮ್ಮನ ಕೂಸನ್ನು ಕೂರಿಸಿ ತೆಗೆದಿದ್ದ. ಅಳು ನಿಲ್ಲಿಸಲು ಕೆಂಚಮ್ಮ ಅದರ ಕೈಗೆ ಏನು ಕೊಟ್ಟಿದ್ದಳೆಂದು ಅವಳಿಗೂ ರೋಶನ್ ಬೀಗೂ ಒಟ್ಟಿಗೇ ನೆನಪಾಯಿತು.

ಮಾರನೇ ದಿನ ಇಬ್ಬರೂ ಬಸ್ಸಿನಲ್ಲಿ ಸಾತನೂರಿಗೆ ಹೋದರು. ಕೆಂಚಮ್ಮನ ತಾಯಿ ರೇವಮ್ಮ ರೇಷ್ಮೆ ಹುಳುಗಳಿಗೆ ಸೊಪ್ಪು ಹಾಕುತ್ತಿದ್ದಳು. "ಮೊಮ್ಮಗಳ ಪಟ ಬಿಸಾಕ್ತೀನಾ ನಾನು?" ಎನ್ನುತ್ತ ಮರದ ಬೀರುವಿನ ಬಾಗಿಲು ತೆಗೆದಳು. ಒಳಬದಿಗೆ ಅಂಟಿಸಿತ್ತು. ಅಂಚು ಹಳದಿಯಾಗಿತ್ತು. ಕೂಸಿನ ಕೈಯಲ್ಲಿ ಮೂರು ಬಳೆಯ ಗಿಲಕಿ. ಕೆಳಗೆ ದಪ್ಪ ಅಂಕಿಯಲ್ಲಿ ೨೦೦೪. ರೋಶನ್ ಬೀ ಅದರ ಮೇಲೆ ಬೆರಳಿಟ್ಟು ಬಿಕ್ಕಿ ಬಿಕ್ಕಿ ಅತ್ತಳು. ಕಾಗದ ಹರಿಯದಂತೆ ಬಿಡಿಸಲಾಗದು ಎಂದಾಗ ರೇವಮ್ಮ ಬೀರುವಿನ ಬಾಗಿಲನ್ನೇ ತಿರುಪು ಬಿಚ್ಚಿಸಿ ಕೊಟ್ಟಳು. ಕಂಡಕ್ಟರನ ಹತ್ತಿರ ಜಗಳವಾಡಿ ಅದನ್ನು ಬಸ್ಸಿನಲ್ಲಿ ತಂದರು.

ಹೈಕೋರ್ಟಿನಲ್ಲಿ ಆ ಬಾಗಿಲನ್ನು ನೋಡಿದ ಮೇಲೆ ಕಂಪನಿಯ ವಕೀಲ ಕಾಲಾವಕಾಶ ಕೇಳಿದ. ಮುಂದಿನ ವಾಯಿದೆಗೆ ಎದ್ದು ನಿಂತು, ದಾವೆ ವಾಪಸ್ ತೆಗೆದುಕೊಳ್ಳುತ್ತೇವೆ, ಅವರವರ ಖರ್ಚು ಅವರವರದು ಎಂದ. ಎರಡು ನಿಮಿಷವೂ ಹಿಡಿಯಲಿಲ್ಲ. ಸೌಮ್ಯಶ್ರೀ ಅವನ ಇಂಗ್ಲಿಷನ್ನು ಮೆಲ್ಲಗೆ ಅನುವಾದಿಸಿ ಹೇಳಿದಳು.

ರೋಶನ್ ಬೀ ಹಿಂದಿನ ಬೆಂಚಿನಿಂದ ಎದ್ದಳು. "ಸ್ವಾಮಿ, ನಂದೊಂದು ಮಾತು."

ಜವಾನ ಕೂರುವಂತೆ ಕೈಸನ್ನೆ ಮಾಡಿದ. ನ್ಯಾಯಾಧೀಶರು ತಲೆಯೆತ್ತಿ, "ಕೇಸು ಮುಗೀತಮ್ಮ. ನೀವು ಗೆದ್ದಿರಿ, ಮನೆಗೆ ಹೋಗಿ" ಎಂದರು.

"ಏನು ಗೆದ್ದೆ ಸ್ವಾಮಿ? ನಾಕು ಲೇತಿದ್ವು, ಒಂದು ಉಳಿದೈತೆ. ಬೇಕಾದಾಗ ಕೇಸು ಹಾಕಿದ್ರು, ಸಾಕಾದಾಗ ತಗೀತಾ ಅವ್ರೆ. ನನ್ ಮಾಲಿಗೆ ಮೊಹರು ಹಾಕೋಕೆ ಒಂದು ದಿನ ಸಾಕಾಯ್ತು. ತಪ್ಪು ಮಾಡ್ಬುಟ್ವಿ ಅಂತ ಒಂದು ಮಾತು ಬರೆಯೋಕೆ ಯಾರ್ಗೂ ಪೆನ್ನಿಲ್ವಾ?"

ನ್ಯಾಯಾಧೀಶರು ಕನ್ನಡಕ ತೆಗೆದು, ಕಂಪನಿಯ ವಕೀಲನನ್ನು ಕೆಲವು ಪ್ರಶ್ನೆ ಕೇಳಿದರು. ಆಮೇಲೆ ಬರೆಸಿದರು: ತಡೆಯಾಜ್ಞೆ ರದ್ದು, ಈ ನಮೂನೆಯ ಬಗ್ಗೆ ಇವಳ ಮೇಲೆ ಮತ್ತೆ ದಾವೆ ಹೂಡುವಂತಿಲ್ಲ, ಕಂಪನಿ ಅವಳಿಗೆ ಖರ್ಚಿನ ಬಾಬ್ತು ಐವತ್ತು ಸಾವಿರ ಕೊಡಬೇಕು. ಒಂದು ಲೇತಿಗೂ ಸಾಲದ ಮೊತ್ತ. ತಪ್ಪಾಯಿತೆಂಬ ಮಾತನ್ನು ಯಾರೂ ಬರೆಸಲಿಲ್ಲ.

ಮೂಟೆ ಬಿಚ್ಚಿದಾಗ ಅರ್ಧಕ್ಕರ್ಧ ಗಿಲಕಿ ಹಾಳಾಗಿತ್ತು. ನಷ್ಟಕ್ಕೆ ಕಂಪನಿಯ ಮೇಲೆ ಬೇರೆ ಕೇಸು ಹಾಕಬಹುದೇ ಎಂದು ರುದ್ರಪ್ರಸಾದರನ್ನು ಕೇಳಿದಳು. ಹಾಕಬಹುದು, ಕೋರ್ಟು ಫೀಸು ಮೊದಲೇ ಕಟ್ಟಬೇಕು, ಐದಾರು ವರ್ಷವಾದೀತು ಎಂದರು. ಅವಳು ಎದ್ದು ಬಂದಳು.

"ಆಗಿದ್ದಾಯ್ತು, ಒಸಿ ಸಮಾಧಾನ ಮಾಡ್ಕಳಕ್ಕ" ಎಂದಳು ಕೆಂಚಮ್ಮ.

"ಯಾಕೆ ಮಾಡ್ಕಬೇಕು? ಅವ್ರು ಚೆನ್ನಾಗಿ ನಿದ್ದೆ ಮಾಡ್ಲಿ ಅಂತಾನಾ?"

ಉಳಿದ ಒಂದೇ ಲೇತಿನಲ್ಲಿ ಇಬ್ಬರೂ ಸರದಿಯಂತೆ ಕೂತು ಗಿಲಕಿ ಕಡೆಯತೊಡಗಿದರು. ತಿಂಗಳಾದ ಮೇಲೆ, ಹದಿನೆಂಟು ವರ್ಷದಿಂದ ಕೊಳ್ಳುತ್ತಿದ್ದ ಆ ಗಿರಾಕಿ ತಾನಾಗಿ ಫೋನು ಮಾಡಿದ. "ಕೇಸು ಮುಗೀತಂತೆ, ಸಂತೋಷ ಆಯ್ತಮ್ಮ. ನಾಲ್ಕು ಡಜನ್ ಕಳಿಸಿ."

"ಒಂದಕ್ಕೆ ಹದಿನೈದು ರೂಪಾಯಿ ಜಾಸ್ತಿ."

"ಯಾಕಮ್ಮ? ಮರದ ರೇಟು ಏರಿಲ್ವಲ್ಲ."

"ಕೋರ್ಟಿನ ಖರ್ಚು. ದುಡ್ಡು ಮೊದ್ಲು ಕಳಿಸ್ಬೇಕು, ಆಮೇಲೆ ಮಾಲು."

ಅವನು ಏನೋ ಗೊಣಗಿ ಫೋನಿಟ್ಟ. ಎರಡು ದಿನ ಬಿಟ್ಟು ದುಡ್ಡು ಬಂತು.